ಘಾನಿಮನ ಹನ್ನೊಂದನೆಯ ರಾತ್ರಿ

ಕರೆಂಟು ಹೋಗಿ ಮೂರು ತಾಸಾಗಿತ್ತು. ರಾಸ್ ಅಲ್ ಖೈಮಾದ
ಆಗಸ್ಟು; ಗೋಡೆಗೂ ಬೆವರು.
ಚಾಪೆ ಹೊತ್ತು ತಾರಸಿ ಹತ್ತಿದೆವು, ಕೋಣೆ ಹದಿನಾಲ್ಕರ ಆರು ಜನ.
ಇದಿನಬ್ಬ ಮಾತ್ರ ಬರಿಗೈಯಲ್ಲಿ ಬಂದ.
ಕತೆ ಎಲ್ಲಿಗೆ ನಿಂತಿತ್ತು ಎಂದ, ಗೊತ್ತಿಲ್ಲದವನ ಹಾಗೆ.

ಲೋಕಯ್ಯ ನೆನಪಿಸಿದ: ಘಾನಿಮ ಬುರುಜಿನ ಬುಡದಲ್ಲಿದ್ದಾನೆ.

ಹೌದು. ಘಾನಿಮ. ಏಳು ಗಾಯದ ಘಾನಿಮ,
ತಿಮಿಂಗಿಲದ ಪಕ್ಕೆಲುಬನ್ನು ಬಿಲ್ಲಾಗಿ ಬಗ್ಗಿಸಿದವನು,
ಜಜೀರಾದ ಹವಳಗಲ್ಲಿನ ಊರಿಗೆ ಕಾವಲು.
ಅವನ ಕತ್ತಿಯ ಹಿಡಿಗೆ ಊರವರು ಮುತ್ತು ಕೂರಿಸಿ ಕೊಟ್ಟದ್ದು
ಯಾವ ದಿನದ ನೆನಪಿಗೋ, ಆ ದಿನ
ಹಗ್ಗದ ಒಂದು ತುದಿ ಇವನ ಕೈಯಲ್ಲಿ,
ಇನ್ನೊಂದು, ಹನ್ನೆರಡು ಮಾರು ಕೆಳಗೆ, ಖಲ್ಫಾನನ ಸೊಂಟದಲ್ಲಿ.
ಹೆಡೆಯಿದ್ದ ಅಲೆಯೊಂದು ಎದ್ದು ಹೆಸರು ಹಿಡಿದು ಕರೆಯಿತು.
ಹಗ್ಗ ಹರಿಯಿತು ಎಂದ ಘಾನಿಮ, ದಡಕ್ಕೆ ಬಂದು.
ಊರು ನಂಬಿತು. ನಂಬುವುದು ಊರಿಗೂ ಸುಲಭವಾಗಿತ್ತು.
ಪಾಡ್ದನ ಕಟ್ಟಿದವರೂ ಹಾಗೇ ಕಟ್ಟಿದರು.

ಈಗ ಕಡಲ ದೊರೆ ಬಂದಿದ್ದಾನೆ, ಮೊಣಕಾಲ ತನಕ ಮನುಷ್ಯ,
ಮೇಲೆಲ್ಲ ನೀರು. ಬಾಯಿ ತೆರೆದರೆ ಚಿಪ್ಪುಗಳು ಕಟಕಟ.
'ಹೊನ್ನು ಬೇಡ, ಬಲ್ಲೆ. ಹೆಣ್ಣು ಬೇಡ, ಅದನ್ನೂ ಬಲ್ಲೆ.
ಒಂದೇ ಒಂದು ರಾತ್ರಿ ಬುರುಜಿನ ದೀಪ ಆರಿಸು,
ನಲವತ್ತು ದೋಣಿ ನನ್ನ ಹಲ್ಲಿಗೆ ಬರಲಿ.
ಬದಲಿಗೆ ಆ ಗಳಿಗೆಯನ್ನು ತೊಳೆದು ಕೊಡುತ್ತೇನೆ:
ಯಾರಿಗೂ ಗೊತ್ತಿಲ್ಲದ್ದು ನಿನಗೂ ಗೊತ್ತಿರುವುದಿಲ್ಲ.
ನಿದ್ದೆ, ಘಾನಿಮ. ಕೂಸಿನ ನಿದ್ದೆ.'

ಘಾನಿಮ ಮೆಟ್ಟಿಲು ಹತ್ತಿದ. ಅರುವತ್ತೊಂದು ಮೆಟ್ಟಿಲು.
ಇದಿನಬ್ಬ ಒಂದೊಂದನ್ನೂ ಎಣಿಸಿದ, ನಾವು ತಡೆಯಲಿಲ್ಲ.
ಒದ್ದೆ ಅಂಗೈಯನ್ನು ದೀಪದ ಮೇಲೆ ಹಿಡಿದ—
ಅಲ್ಲಿಗೆ ನಿಲ್ಲಿಸಿ, ಬಾಟಲಿ ಎತ್ತಿ ನೀರು ಕುಡಿದ,
ಬಹಳ ಹೊತ್ತು ಕುಡಿದ.

ಕೆಳಗೆ ನಮ್ಮ ಕೋಣೆಯಲ್ಲಿ ಏಳನೆಯ ಮಂಚವೊಂದಿದೆ.
ಧರ್ಮುವಿನ ಹವಾಯಿ ಚಪ್ಪಲಿ ಇನ್ನೂ ಅದರಡಿ.
ಜೂನ್ ತಿಂಗಳು, ಒಂಬತ್ತನೆಯ ಅಂತಸ್ತು.
ರಿಜಿಸ್ಟರಿನಲ್ಲಿ 'ಹಗ್ಗ ಹರಿದು' ಎಂದು ಬರೆದಿದೆ,
ಕೆಳಗೆ ಸಾಕ್ಷಿಗಳ ಐದು ಸಹಿ. ಮೂರನೆಯದು ನನ್ನದು.

'ಸುಹೈಲ್ ಮೂಡಿತು ನೋಡ್ರಿ,' ಅಂದ ಮಲ್ಲೇಶಿ, ತೆಂಕಣಕ್ಕೆ ಕೈಮಾಡಿ,
'ಇನ್ನ ಬಿಸಿಲು ಮುರೀತದಂತ.'
'ನಮ್ಮಲ್ಲಿ ಅದು ಅಗಸ್ತ್ಯ,' ಅಂದ ಲೋಕಯ್ಯ. 'ಕಡಲು ಕುಡಿದವ.
ಕುಡಿದದ್ದೇ, ಅಡಗಿದವರೆಲ್ಲ ತಳದಲ್ಲಿ ನಿಂತಲ್ಲೇ ಕಂಡರು.'
ಹೇಳಿದ ಮೇಲೆ, ಹೇಳಬಾರದಿತ್ತೇನೋ ಎಂಬಂತೆ ಮಗ್ಗುಲಾದ.

ಘಾನಿಮ, ಎಂದ ಇದಿನಬ್ಬ, ದನಿ ಬೇರೆಯಾಗಿತ್ತು,
ದೀಪ ಆರಿಸಲು ಹೋದ ಕೈಯನ್ನೇ ದೀಪ ಹಿಡಿಯಿತು.
ಐದು ಬೆರಳೂ ಹೊತ್ತಿಕೊಂಡವು, ಐದು ಬತ್ತಿ.
ಕೈ ಹಿಂದಕ್ಕೆಳೆಯಲಿಲ್ಲ. ಮೇಲಿನಿಂದ ಕೂಗಿದ,
ನಲವತ್ತು ದೋಣಿಗೂ ಕೇಳುವ ಹಾಗೆ:
ಹಗ್ಗ ಹರಿಯಲಿಲ್ಲ. ನಾನು ಬಿಟ್ಟೆ.

ಕಡಲ ದೊರೆ?
ಏನೂ ಆಗಲಿಲ್ಲ. ನೀರು ನೀರಾಯಿತು.
ಊರವರು ಕತ್ತಿ ಕಿತ್ತುಕೊಂಡರು, ಪಾಡ್ದನದಿಂದ ಹೆಸರನ್ನೂ.
ಖಲ್ಫಾನನ ತಾಯಿ ಮುಖಕ್ಕೆ ಉಗಿದಳು, ಅದು ನ್ಯಾಯ.
ಮರುವರ್ಷ ಅವಳ ಕಿರಿಮಗ ಮುತ್ತಿಗೆ ಮುಳುಗಲು ಹೊರಟಾಗ
ಹಗ್ಗದ ತುದಿಯನ್ನು ಆ ಸುಟ್ಟ ಕೈಗೇ ತಂದು ಕೊಟ್ಟ.
ಯಾಕ? ಅಂದ ಮಲ್ಲೇಶಿ.
ಬಿಟ್ಟರೆ ಏನಾಗುತ್ತದೆಂದು ಬಲ್ಲವ ಊರಲ್ಲಿ ಅವನೊಬ್ಬನೇ.

ಕರೆಂಟು ಬಂತು. ಕ್ಯಾಂಪಿನ ಎಸಿಗಳೆಲ್ಲ ಒಟ್ಟಿಗೆ ಕೆಮ್ಮಿದವು.
ಯಾರೂ ಏಳಲಿಲ್ಲ.
ಇದಿನಬ್ಬ ಎರಡೂ ಕೈ ಮಡಿಲಲ್ಲಿಟ್ಟುಕೊಂಡು ಕೇಳಿದ,
ಆಫೀಸು ತೆರೆಯುವುದು ಎಷ್ಟಕ್ಕೆ?
ಏಳಕ್ಕೆ.
ಅರಬ್ಬಿಯಲ್ಲಿ ಹೇಳಬೇಕಾದೀತು.
ನನಗೆ ಅಷ್ಟಿಷ್ಟು ಬರುತ್ತದೆ, ಎಂದೆ.
ಓದಿಯೇ ಸಹಿ ಹಾಕಿದ್ದೆ.